ಆಮೆ ಬೆಡಗಿನ ಹುಲಿಗೆಮ್ಮ

ನಮ್ಮ ದೇವನೂರಿನಲ್ಲಿ ಆಮೆ ಸತ್ತರೆ ತಲೆಗೆ ನೀರು ಹಾಕಿಕೊಳ್ಳುತ್ತಿದ್ದವಳು ಹುಲಿಗೆಮ್ಮ ಒಬ್ಬಳೇ. ಬೇಸಿಗೆಯಲ್ಲಿ ಕೆರೆಯ ತಳ ಕಾಣುವ ಹೊತ್ತಿಗೆ ಒಂದೋ ಎರಡೋ ಆಮೆ ಸತ್ತು ಬೀಳುವುದು ವಾಡಿಕೆ. ಸುದ್ದಿ ಕಿವಿಗೆ ಬಿದ್ದರೆ ಸಾಕು, ಅವಳು ಉರಿಯುವ ಒಲೆಗೆ ನೀರು ಎರಚಿ, ಮಡಕೆಯಲ್ಲಿದ್ದ ಅನ್ನವನ್ನು ತಿಪ್ಪೆಗೆ ಸುರಿದು, ಉಟ್ಟ ಸೀರೆಯಲ್ಲೇ ಬಾವಿಕಟ್ಟೆಗೆ ಹೋಗಿ ಬಿಂದಿಗೆಗಟ್ಟಲೆ ನೀರು ಸುರಿದುಕೊಳ್ಳುವಳು. ಅವತ್ತು ಅವಳಿಗೆ ಊಟವಿಲ್ಲ, ಯಾವ ಶುಭಕಾರ್ಯಕ್ಕೂ ಕೈ ಹಾಕುವ ಹಾಗಿಲ್ಲ. ಮರುದಿನ ಹೊತ್ತು ಹುಟ್ಟಿದ ಮೇಲೆ ಸೂತಕ ಕಳೆಯುತ್ತಿತ್ತು.

ಊರಿನ ಗಂಡಸರಿಗೆ ಇದೊಂದು ಚೇಷ್ಟೆಯ ವಿಷಯ. ಒಮ್ಮೆ ಅರಳಿಕಟ್ಟೆಯ ಮೇಲೆ ಕೂತಿದ್ದ ತೀರ್ಥಪ್ಪ, "ಏನ್ ಹುಲಿಗೆಮ್ಮಾ, ನಿಮ್ ಚಿಕ್ಕಪ್ಪ ತೀರ್ಕಂಡ್ನಂತೆ?" ಅಂದ.

"ಹೂಂ ಕಣಪ್ಪಾ, ತೀರ್ಕಂಡ. ನಿಮ್ಮಪ್ಪ ಸತ್ತಾಗ ನೀನು ನೀರು ಹಾಕ್ಕಂಡ್ಯೋ ಇಲ್ವೋ ಕಾಣೆ, ನಾನಂತೂ ಹಾಕ್ಕಂಡೆ," ಅಂದು ಒದ್ದೆ ಸೆರಗು ಹಿಂಡುತ್ತಾ ಹೋದಳು. ತೀರ್ಥಪ್ಪ ಆಮೇಲೆ ಅವಳ ತಂಟೆಗೆ ಹೋಗಲಿಲ್ಲ.

ನಾನು ಪಂಕಜಾಕ್ಷಿ. ನಮ್ಮೆಜಮಾನರು ಮಲ್ಲಿಕಾರ್ಜುನಯ್ಯನವರದು ಬಸ್ ನಿಲ್ಲುವ ಜಾಗದ ಎದುರಿಗೇ ದಿನಸಿ ಅಂಗಡಿ. ಹುಲಿಗೆಮ್ಮ ಅಂಗಡಿಗೆ ಬರುವ ಕಾಳುಕಡ್ಡಿ ಕೇರಿ ಹಸನು ಮಾಡಿಕೊಡುತ್ತಿದ್ದಳು. ನಮ್ಮ ಹಿತ್ತಲಿನ ಜಗುಲಿಯಲ್ಲಿ ಮೊರ ಹಿಡಿದು ಕೂತರೆ ಅವಳ ಕೈಯೂ ನಿಲ್ಲುತ್ತಿರಲಿಲ್ಲ, ಬಾಯಿಯೂ ನಿಲ್ಲುತ್ತಿರಲಿಲ್ಲ. ನನ್ನದೂ ಅದೇ ಜಾತಿಯ ಬಾಯಿ. ಹಾಗಾಗಿ ನಮ್ಮಿಬ್ಬರಿಗೆ ಚೆನ್ನಾಗಿ ಹೊಂದಿತ್ತು, ದಿನಕ್ಕೊಂದು ಜಗಳ ಆಡಿಯೂ ಹೊಂದಿತ್ತು.

ಅವರ ಜನದಲ್ಲಿ ಒಂದೊಂದು ಮನೆತನಕ್ಕೂ ಒಂದೊಂದು ಬೆಡಗು ಅಂತ ಇರುತ್ತದೆ. ಜೀರಿಗೆಯವರು, ಬೇವಿನವರು, ಬೆಳ್ಳಿಯವರು, ಹೀಗೆ. ಬೆಡಗಿನ ಹೆಸರು ಯಾವುದೋ ಅದನ್ನು ಆ ಮನೆಯವರು ತಿನ್ನುವಂತಿಲ್ಲ, ಕಡಿಯುವಂತಿಲ್ಲ, ಕೊಲ್ಲುವಂತಿಲ್ಲ. ಒಂದೇ ಬೆಡಗಿನವರು ಎಲ್ಲೇ ಹುಟ್ಟಿರಲಿ, ಅಣ್ಣತಮ್ಮ ಅಕ್ಕತಂಗಿಯರೇ ಅಂತ ಲೆಕ್ಕ. ಅವರ ನಡುವೆ ಹೆಣ್ಣು ಕೊಟ್ಟು ತರುವುದಿಲ್ಲ. ಹುಲಿಗೆಮ್ಮ ಹುಟ್ಟಿದ್ದು ಆಮೆ ಬೆಡಗಿನಲ್ಲಿ, ಸೇರಿದ್ದು ಬೆಳವದ ಬೆಡಗಿಗೆ. ಬೆಳವ ಅಂದರೆ ಹೊಲದ ಜಾಲಿಮರದ ಮೇಲೆ ಕೂತು ಮಧ್ಯಾಹ್ನವೆಲ್ಲ ಗುಟುಗುಟು ಅನ್ನುವ ಕಾಡುಪಾರಿವಾಳ. ಅವಳ ಗಂಡ ಸಣ್ಣಬೀರಪ್ಪನ ಮನೆಯ ಅಟ್ಟದಲ್ಲಿ ಒಂದು ಜೋಡಿ ಬೆಳವ ಗೂಡು ಕಟ್ಟಿತ್ತು. ಬೆಳವ ಮನೆ ಹೊಕ್ಕರೆ ಕೇಡು, ಓಡಿಸು ಅಂತ ಊರೆಲ್ಲ ಹೇಳಿತು. ಆ ಮನುಷ್ಯ ಬಾಯಿ ಬಿಚ್ಚುವುದೇ ಅಪರೂಪ, ಅವತ್ತು ಬಿಚ್ಚಿದ. "ನಮ್ ಮನೆಗೆ ನಮ್ಮೋರು ಬಂದವ್ರೆ. ನಿಮಗ್ಯಾಕ್ರಯ್ಯಾ ಉರಿ?" ಅಂದ. ಗೂಡಿನ ಕಸ ಅನ್ನದ ಮೇಲೆ ಉದುರುತ್ತದೆ ಅಂತ ಹುಲಿಗೆಮ್ಮ ಗಂಡನನ್ನು ಬೈಯುವಳು, ಹಕ್ಕಿಯನ್ನಲ್ಲ.

ಗಂಡನ ಬೆಡಗಿನವರು ದೇವನೂರಿನಲ್ಲಿ ಬೇಕಾದಷ್ಟು ಮನೆ ಇದ್ದರು. ಆಮೆ ಬೆಡಗಿನವರು ಮಾತ್ರ ಸುತ್ತಮುತ್ತ ಯಾವ ಊರಿನಲ್ಲೂ ಇರಲಿಲ್ಲ. ಅವಳಿಗೆ ತವರೇ ಇರಲಿಲ್ಲ.

ಭದ್ರಾ ಅಣೆಕಟ್ಟು ಕಟ್ಟುವ ಕಾಲದಲ್ಲಿ ಲಕ್ಕವಳ್ಳಿಯಲ್ಲಿ ಕೂಲಿಯವರ ಗುಡಿಸಲುಗಳೇ ಒಂದು ಊರಿನಷ್ಟಿದ್ದವಂತೆ. ತಮಿಳರು, ತೆಲುಗರು, ಮಲಯಾಳದವರು, ಸಾಬರು, ನಮ್ಮ ಕಡೆಯವರು, ಎಲ್ಲ ಒಟ್ಟಿಗೆ. ಹೊಳೆಯಲ್ಲಿ ಆಮೆ ಸಿಕ್ಕಿದರೆ ಒಬ್ಬ ಆಮೈ ಅನ್ನುವನು, ಒಬ್ಬ ಆಮ ಅನ್ನುವನು, ಇನ್ನೊಬ್ಬ ತಾಬೇಲು ಅನ್ನುವನು. ಸಾಬರ ಮೇಸ್ತ್ರಿ ಕಛುವಾ ಅಂದು ಮೂಗು ಮುಚ್ಚಿಕೊಂಡು ದೂರ ಹೋಗುವನು. ಮಿಕ್ಕವರೆಲ್ಲ ಸೇರಿ ಒಂದೇ ಪಾತ್ರೆಯಲ್ಲಿ ಬೇಯಿಸುವರು. ಹುಲಿಗೆಮ್ಮನ ಅಪ್ಪ ಆ ಪಾತ್ರೆ ಒಲೆ ಮೇಲೆ ಏರಿದ ದಿನ ಹೊಳೆಗೆ ಹೋಗಿ ಮುಳುಗಿ ಬಂದು, ಉಪವಾಸ ಮಲಗುತ್ತಿದ್ದನಂತೆ. ಇದನ್ನೆಲ್ಲ ಅವಳಿಗೆ ಹೇಳಿದವಳು ಕಾಶಮ್ಮ. ಕಾಶಮ್ಮ ಅಲ್ಲಿ ಮೇಸ್ತ್ರಿಗಳಿಗೆ ಅಡಿಗೆ ಮಾಡಿ ಹಾಕುತ್ತಿದ್ದ ಹೆಂಗಸು. ಒಂದು ಮಳೆಗಾಲದ ಚಳಿಜ್ವರದಲ್ಲಿ ಅಪ್ಪ ಅವ್ವ ಇಬ್ಬರೂ ಹೋದಾಗ, ಇನ್ನೂ ಸರಿಯಾಗಿ ಮಾತು ಬರದ ಕೂಸನ್ನು ಅವಳೇ ಎತ್ತಿಕೊಂಡಳು, ಹುಲಿಗೆಮ್ಮ ಅಂತ ಹೆಸರಿಟ್ಟಳು. ಸತ್ತವರ ಊರು ಯಾವುದು, ಮನೆಯಲ್ಲಿ ಯಾವ ಮಾತು ಆಡುತ್ತಿದ್ದರು ಅನ್ನುವುದು ಅವಳಿಗೂ ಗೊತ್ತಿರಲಿಲ್ಲ. ಆ ಗದ್ದಲದಲ್ಲಿ ಎಲ್ಲರೂ ಎಲ್ಲರ ಮಾತನ್ನೂ ಅರ್ಧಂಬರ್ಧ ಆಡುತ್ತಿದ್ದರು. ಗೊತ್ತಿದ್ದದ್ದು ಇಷ್ಟೇ: ಆ ಮನುಷ್ಯನ ಹೆಗಲ ಮೇಲೆ ಸದಾ ಕಂಬಳಿ ಇರುತ್ತಿತ್ತು, ಕೈ ಮುಗಿಯುತ್ತಿದ್ದದ್ದು ಬೀರದೇವರಿಗೆ, ಮತ್ತು ಆಮೆ ಸತ್ತರೆ ಅವನು ಮುಳುಗುತ್ತಿದ್ದ.

ಸಣ್ಣಬೀರಪ್ಪನಿಗೆ ಅದು ಎರಡನೇ ಮದುವೆ. ಲಕ್ಕವಳ್ಳಿಗೆ ಗಾಡಿಯಲ್ಲಿ ರಾಗಿ ಹೊಡೆದುಕೊಂಡು ಹೋಗುತ್ತಿದ್ದವನು ಅಲ್ಲೇ ಅವಳನ್ನು ನೋಡಿ ಒಪ್ಪಿಕೊಂಡ. ಬೆಡಗು ಯಾವುದು ಅಂತ ಕೇಳಿದ್ದಕ್ಕೆ ಕಾಶಮ್ಮ ಆಮೆ ಅಂದಳು. ಬಡವರ ಎರಡನೇ ಮದುವೆಯನ್ನು ಯಾರು ಕೆದಕುತ್ತಾರೆ? ಅಲ್ಲಿಗೆ ಮುಗಿಯಿತು.

ಆದರೆ ಮುಗಿಯಲಿಲ್ಲ. ಮಗಳು ಕಾಂತಮ್ಮ ಮದುವೆಗೆ ಬಂದಾಗ ಅದು ಮತ್ತೆ ಎದ್ದು ನಿಂತಿತು. ಅವರಲ್ಲಿ ಸೋದರಮಾವ ಹುಡುಗಿಯನ್ನು ಎತ್ತಿಕೊಂಡು ಬಂದು ಹಸೆಮಣೆಯ ಮೇಲೆ ಕೂರಿಸಬೇಕು. ಅವನಿಲ್ಲದೆ ಧಾರೆ ಇಲ್ಲ. ಅವನು ಹುಡುಗಿಯ ಅವ್ವನ ಬೆಡಗಿನವನೇ ಆಗಬೇಕು, ಒಡಹುಟ್ಟಿದವನೇ ಆಗಬೇಕು ಅಂತಿಲ್ಲ. ಕಾಂತಮ್ಮನಿಗೆ ಎತ್ತಿ ಕೂರಿಸುವವರು ಯಾರು? ಇದೇ ಮಾತಿನ ಮೇಲೆ ಸಖರಾಯಪಟ್ಟಣದ ಕಡೆಯ ಒಂದು ಸಂಬಂಧ ಮುರಿದುಹೋಯಿತು. ಮುರಿದವರು ಸುಮ್ಮನೆ ಹೋಗಲಿಲ್ಲ, ಅವ್ವನ ಹುಟ್ಟು ಗೊತ್ತಿಲ್ಲದ ಹುಡುಗಿ ಅಂತ ನಾಲ್ಕು ಕಡೆ ಹೇಳಿಕೊಂಡೂ ಹೋದರು. ಅಂಥವರ ನಾಲಿಗೆಗೆ ಕಜ್ಜಿಯಾಗ ಅಂತ ನಾನು ಬಾಯ್ತುಂಬ ಶಾಪ ಹಾಕಿದೆ.

ಎಂಬತ್ತನೇ ಇಸವಿಯಲ್ಲಿ ಚೌಳಹಿರಿಯೂರಿನ ಹತ್ತಿರದ ಒಂದು ಹಳ್ಳಿಯಿಂದ ಎರಡನೇ ಸಂಬಂಧ ಬಂತು. ಹುಡುಗ ಕಡೂರಿನಲ್ಲಿ ಪಂಪ್‌ಸೆಟ್ ರಿಪೇರಿ ಕಲಿತವನು. ಕಾಂತಮ್ಮನನ್ನು ಅಂಗಡಿಯ ಮುಂದೆ ನೋಡಿ, ಬೇಡದ ಬೆಂಕಿಪೊಟ್ಟಣ ಕೊಳ್ಳಲು ಮೂರು ಸಾರಿ ಬಂದುಹೋದ ಭೂಪ. ಅವಳಿಗೂ ಮನಸ್ಸಿತ್ತು. ಹುಡುಗನ ಅಪ್ಪ ದೊಡ್ಡಬೀರಪ್ಪ ಅವರ ಕಟ್ಟೆಮನೆಯ ಯಜಮಾನ, ಜೀರಿಗೆ ಬೆಡಗಿನವನು. ನಮ್ಮ ಜಗುಲಿಯ ಮೇಲೇ ಮಾತುಕತೆ ನಡೆಯಿತು.

"ಹುಡುಗಿ ಬಗ್ಗೆ ಮಾತಿಲ್ಲ ಕಣಮ್ಮಾ," ಅಂದ ದೊಡ್ಡಬೀರಪ್ಪ, "ಎತ್ಕಂಡ್ ಬರೋನು ಯಾರು?"

"ಆಮೆಯೋರು ಯಾರಾದ್ರೂ ಬತ್ತಾರೆ," ಅಂದಳು ಹುಲಿಗೆಮ್ಮ.

"ಎಲ್ಲವ್ರೆ ಆಮೆಯೋರು? ನಾನು ಈ ಮೂರು ತಾಲೂಕಿನ ನ್ಯಾಯ ಮಾಡ್ದೋನು, ಒಂದ್ ಮನೆ ಕಂಡಿಲ್ಲ. ನಿನ್ ಬಿಟ್ರೆ ಇನ್ನೊಬ್ರು ನೀರು ಹಾಕ್ಕಂಡಿದ್ ಕೇಳಿಲ್ಲ. ನಿನ್ನ ಸಾಕಿದೋಳು ಹೇಳಿದ್ದು ಸುಳ್ಳೋ ನಿಜವೋ ಯಾರಿಗ್ ಗೊತ್ತು?"

ನನಗೆ ತಡೆಯಲಾಗಲಿಲ್ಲ. "ಅಲ್ಲ ಯಜಮಾನ್ರೇ, ಮನೆಗೆ ತಗಂಡು ಹೋಗೋದು ಹುಡುಗೀನೋ ಆಮೇನೋ?" ಅಂದೆ.

ಅವನು ಸಿಟ್ಟಾಗಲಿಲ್ಲ. "ಅಮ್ಮಾರೇ, ನಿಮ್ಮ ಮಠದ ಪದ್ಧತಿ ನಿಮಗೆ, ನಮ್ಮದು ನಮಗೆ. ಆಮೆಯೋರು ಅನ್ನೋನು ಒಬ್ಬನೇ ಒಬ್ಬ ಬಂದು ನಿಂತ್ಕಂಡ್ರೆ ಸಾಕು. ಬರ್ದಿದ್ರೆ ನಾನು ಊರಿಗೆ ಏನ್ ಹೇಳ್ಲಿ?" ಅಂದ. ಅವನ ಮಾತಿನಲ್ಲಿ ಸೊಕ್ಕಿರಲಿಲ್ಲ, ಅದೇ ಇನ್ನೂ ಕಷ್ಟ. ಸೊಕ್ಕಿದ್ದಿದ್ದರೆ ಬೈದು ಕಳಿಸಬಹುದಿತ್ತು.

ಅವತ್ತು ಹುಲಿಗೆಮ್ಮ ಮೊರ ಮುಟ್ಟಲಿಲ್ಲ. ಈ ಸಂಬಂಧವೂ ಮುರಿದರೆ ಕಾಂತಮ್ಮನನ್ನು ಇನ್ನು ಯಾರೂ ಕೇಳಿಕೊಂಡು ಬರುವುದಿಲ್ಲ ಅಂತ ಅವಳಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. "ಪಂಕಜಮ್ನೋರೇ, ನಾನು ಹುಡುಕ್ಕಂಡ್ ಬತ್ತೀನಿ. ನಂಗೆ ಬಸ್ಸಿನ ಬೋಲ್ಡು ಓದಕ್ಕೆ ಬರಲ್ಲ, ಜೊತೆಗೆ ಬನ್ನಿ," ಅಂದಳು. ಸಣ್ಣಬೀರಪ್ಪನಿಗೆ ಮಂಡಿ ನೋವು, ಊರೂರು ಅಲೆಯಲಾರ. ನಮ್ಮೆಜಮಾನರು, "ಏನೇ, ಆಮೆ ಹಿಡಿಯೋಕೆ ಹೊರಟ್ಯಾ?" ಅಂತ ನಕ್ಕರು. ನಗಲಿ ಅಂತ ನಾನು ಚಪ್ಪಲಿ ಮೆಟ್ಟಿದೆ.

ಮೊದಲು ಕಡೂರಿನ ಸಂತೆ. ಕುರಿ ತಂದವರನ್ನು, ಕಂಬಳಿ ತಂದವರನ್ನು, ಬೀರದೇವರ ಭಂಡಾರ ಹಚ್ಚಿಕೊಂಡವರನ್ನೆಲ್ಲ ನಿಲ್ಲಿಸಿ ನಿಲ್ಲಿಸಿ ಬೆಡಗು ಕೇಳಿದಳು. ಸಂತೆಯಲ್ಲಿ ಹೋಗಿ ಬರುವ ಗಂಡಸರನ್ನು ತಡೆದು ನಿಮ್ಮದು ಯಾವುದು ಅಂತ ಕೇಳುವ ಹೆಂಗಸಿನ ಜೊತೆ ನಿಲ್ಲುವುದಿದೆಯಲ್ಲ, ಆ ನಾಚಿಕೆ ನನಗೇ ಗೊತ್ತು. ಆನೆಯವರು ಸಿಕ್ಕರು, ಬನ್ನಿಯವರು ಸಿಕ್ಕರು, ಉಪ್ಪಿನವರು ಅಂತಲೂ ಒಬ್ಬ ಸಿಕ್ಕ. ಉಪ್ಪು ತಿನ್ನದೆ ಹೆಂಗಪ್ಪಾ ಬದುಕ್ತೀಯ ಅಂತ ನಾನು ಕೇಳಿದೆ. ಹುಣ್ಣಿಮೆಯ ದಿನ ಮಾತ್ರ ಬಿಡ್ತೀವಿ ಅಂದ. ಆಮೆಯವರು ಸಿಗಲಿಲ್ಲ.

ಆಮೇಲೆ ತರೀಕೆರೆ. ಅಲ್ಲಿಂದ ಲಕ್ಕವಳ್ಳಿ. ಅಣೆಕಟ್ಟಿನ ಕೆಲಸ ಮುಗಿದ ಮೇಲೂ ಕೆಲವರು ಅಲ್ಲೇ ಉಳಿದಿದ್ದರು. ಟೀ ಅಂಗಡಿಯ ಮಲಯಾಳದ ಮುದುಕ ಆಮ ಅಂದರೆ ಗೊತ್ತು, ಮನುಷ್ಯರಲ್ಲಿ ಅಂಥ ಜಾತಿ ಗೊತ್ತಿಲ್ಲ ಅಂದ. ತಮಿಳು ಹೆಂಗಸೊಬ್ಬಳು ಆಮೈ ಕರಿ ಎಷ್ಟು ರುಚಿ ಗೊತ್ತಾ ಅಂತ ಶುರುಮಾಡಿದಳು. ಹುಲಿಗೆಮ್ಮ ಕಿವಿ ಮುಚ್ಚಿಕೊಂಡು ಎದ್ದಳು. ಸಾರಾಯಿ ಅಂಗಡಿಯ ಮುಂದೆ ಕೂತಿದ್ದ ಒಬ್ಬ ನಮ್ಮ ಮಾತೆಲ್ಲ ಕೇಳಿಸಿಕೊಂಡು, "ನಾನೇ ಆಮೆಯೋನು ಕಣಕ್ಕಾ, ಮದುವೆಗೆ ಬತ್ತೀನಿ, ಒಂದ್ ಪಂಚೆ ಕೊಡ್ಸು," ಅಂದ.

ಹುಲಿಗೆಮ್ಮನ ಮುಖ ಅರಳಿತು. ನನಗೆ ಅನುಮಾನ. "ಆಮೆ ಸತ್ರೆ ಏನಪ್ಪಾ ಮಾಡ್ತೀರಾ ನೀವು?" ಅಂತ ಕೇಳಿದೆ.

"ಇನ್ನೇನ್ ಮಾಡ್ತಾರೆ, ಕೆಡಾಕ್ ಮುಂಚೆ ಸಾರ್ ಮಾಡ್ಬೇಕು," ಅಂದ.

ವಾಪಸು ಬರುವಾಗ ಬಸ್ಸಿನಲ್ಲಿ ನಾನು ಅವಳಿಗೆ ಹೇಳಿದೆ. ಯಾರಾದರೂ ಒಬ್ಬನನ್ನು ಗೊತ್ತು ಮಾಡಿ ಆಮೆಯವನು ಅಂತ ನಿಲ್ಲಿಸಿಬಿಡೋಣ, ದೊಡ್ಡಬೀರಪ್ಪನಿಗೆ ಏನು ಕನಸು ಬೀಳುತ್ತದೆಯೇ ಅಂದೆ. ಅವಳು ಕಿಟಕಿಯ ಕಡೆ ಮುಖ ಮಾಡಿಕೊಂಡು, "ಅವನಿಗೆ ಬೀಳಲ್ಲ ಕಣ್ರೀ. ಕಾಂತಿನ ಎತ್ಕಂಡೋನು ನಂ ತಮ್ಮ ಅಲ್ಲ ಅಂತ ನಂಗ್ ಗೊತ್ತಿರ್ತದಲ್ಲ," ಅಂದಳು.

ಕೊನೆಗೆ ಅಜ್ಜಂಪುರ. ಸಂತೆಯ ಒಂದು ಮೂಲೆಯಲ್ಲಿ ಬೇವಿನ ಮರದ ಕೆಳಗೆ ಕರಿ ಕಂಬಳಿ ಹರಡಿಕೊಂಡು ಒಬ್ಬ ಕೂತಿದ್ದ. ನಲವತ್ತರ ಒಳಗಿನ ವಯಸ್ಸು, ಕಡ್ಡಿಯಂಥ ಮೈ, ದೊಡ್ಡ ಮೀಸೆ. ಪಕ್ಕದಲ್ಲಿದ್ದ ಹೆಂಡತಿಯ ಜೊತೆ ತೆಲುಗಿನಲ್ಲಿ ಆಡುತ್ತಿದ್ದ. ಅವನ ಅಪ್ಪ ಅನಂತಪುರದ ಕಡೆಯಿಂದ ಕುರಿ ಹೊಡೆದುಕೊಂಡು ಬಂದವನು, ಇಲ್ಲೇ ಮಗ್ಗ ಹಾಕಿಕೊಂಡು ನಿಂತನಂತೆ. ದೇವರು ಅದೇ ಬೀರದೇವರು. ಹೆಸರು ಓಬಳಪ್ಪ. ಹುಲಿಗೆಮ್ಮ ಬೆಡಗು ಕೇಳಿದಳು. ಅವನು ಬೇರೆ ಏನೋ ಹೆಸರು ಹೇಳಿದ. ಅವಳಿಗೆ ಅರ್ಥವಾಗಲಿಲ್ಲ, ಸೋತ ಕಾಲಿನಲ್ಲಿ ಮುಂದೆ ಹೊರಟಳು.

ನಾನು ನಿಂತೆ. ಅಂಗಡಿಯವರ ಮನೆಗೆ ತೆಲುಗಿನ ವ್ಯಾಪಾರಿಗಳು ಬಂದು ಹೋಗುವುದರಿಂದ ಆ ಮಾತು ನನ್ನ ಕಿವಿಗೆ ಹೊಸದಲ್ಲ. "ಇನ್ನೊಂದ್ಸಾರಿ ಹೇಳಪ್ಪಾ," ಅಂದೆ.

"ತಾಬೇಲು. ನಾವು ತಾಬೇಲೋರು."

"ಹುಲಿಗೆಮ್ಮಾ, ಬಾರೇ ಇಲ್ಲಿ!" ಅಂತ ಸಂತೆಯೆಲ್ಲ ತಿರುಗಿ ನೋಡುವ ಹಾಗೆ ಕೂಗಿ, ತೆಲುಗಿನಲ್ಲಿ ತಾಬೇಲು ಅಂದರೆ ಆಮೆಯೇ ಅಂತ ಅವಳ ಕಿವಿಯಲ್ಲಿ ಹೇಳಿದೆ. ಲಕ್ಕವಳ್ಳಿಯ ಮೋಸದ ನೆನಪು ಇನ್ನೂ ಹಸಿಯಾಗಿತ್ತು. ಅದಕ್ಕೇ ಅವಳು ಏನೂ ಬಿಟ್ಟುಕೊಡದೆ, "ಅದು ಸತ್ತಿದ್ ಕಂಡ್ರೆ ಏನ್ ಮಾಡ್ತೀರಪ್ಪಾ?" ಅಂತ ಕೇಳಿದಳು.

ಓಬಳಪ್ಪ ಕಂಬಳಿ ಮಡಚುವುದನ್ನು ಬಿಟ್ಟ. "ಏನ್ ಮಾಡ್ತಾರಮ್ಮಾ, ಮನೇಲಿ ಒಬ್ರು ಹೋದಂಗೆ. ಮಣ್ಣು ಮಾಡಿ, ತಲೆ ಮೇಲೆ ನೀರು ಹಾಕ್ಕಂತೀವಿ. ಒಲೆ ಹಚ್ಚಲ್ಲ. ಮಾರನೇ ದಿನ ಹೊತ್ತುಟ್ಟಿದ ಮೇಲೆ ಸರಿಹೋಯ್ತು. ಯಾಕಮ್ಮಾ, ನೀವೂ ನಮ್ಮೋರಾ?"

ಹುಲಿಗೆಮ್ಮ ಅಲ್ಲೇ ಕಂಬಳಿಗಳ ಮೇಲೆ ಕುಕ್ಕರಿಸಿಬಿಟ್ಟಳು. ಅಪ್ಪನ ವಿಷಯ, ಕಾಂತಮ್ಮನ ವಿಷಯ, ಎಲ್ಲವನ್ನೂ ಉಸಿರು ಬಿಡದೆ ಹೇಳಿದಳು. ಅವನು ಪೂರ್ತಿ ಕೇಳಿದ. ರಕ್ತಸಂಬಂಧ ಇದೆಯೋ ಇಲ್ಲವೋ ಅಂತ ಅವನೂ ಕೇಳಲಿಲ್ಲ, ಅವಳೂ ಹೇಳಲಿಲ್ಲ. ಇಬ್ಬರಿಗೂ ಅದು ಗೊತ್ತಾಗುವ ದಾರಿ ಇರಲಿಲ್ಲ. "ಧಾರೆ ಯಾವತ್ತಕ್ಕಾ?" ಅಂತ ಮಾತ್ರ ಕೇಳಿದ. ಅಮ್ಮಾ ಅನ್ನುತ್ತಿದ್ದವನು ಅಕ್ಕಾ ಅಂದದ್ದು ನನ್ನ ಗಮನಕ್ಕೆ ಬಂತು.

ದೊಡ್ಡಬೀರಪ್ಪನಿಗೆ ಈ ಸುದ್ದಿ ಅಷ್ಟೇನೂ ಹಿಡಿಸಲಿಲ್ಲ. "ಸಂತೇಲಿ ಕುರಿ ಸಿಗ್ತದೆ, ಕಂಬಳಿ ಸಿಗ್ತದೆ. ತಮ್ಮನೂ ಸಿಕ್ತಾನಾ?" ಅಂತ ನಕ್ಕನಂತೆ. ಬಾಡಿಗೆ ತಮ್ಮ ಅಂತ ಅಡ್ಡಹೆಸರೂ ಇಟ್ಟ. ಆದರೂ ಕೊಟ್ಟ ಮಾತಿಗೆ ತಪ್ಪುವವನಲ್ಲ, ಬರಲಿ ನೋಡೋಣ ಅಂತ ಹೇಳಿ ಕಳಿಸಿದ. ಧಾರೆ ಅವರ ಊರಿನಲ್ಲೇ, ಮೇ ತಿಂಗಳಲ್ಲಿ, ಮಧ್ಯಾಹ್ನದ ಊಟಕ್ಕೆ ಮುಂಚೆ ಅಂತ ಗೊತ್ತಾಯಿತು.

ಹಿಂದಿನ ದಿನವೇ ಓಬಳಪ್ಪ ಹೆಂಡತಿಯ ಜೊತೆ ದೇವನೂರಿಗೆ ಬಂದಿಳಿದ. ಹೊಸ ಅಂಗಿ, ಹೊಸ ರುಮಾಲು. ಹುಡುಗಿಗೆ ಹಾಸಲು ಅವನೇ ನೇಯ್ದ ಕಂಬಳಿ ಹೊತ್ತು ತಂದಿದ್ದ. ಬೆಳಿಗ್ಗೆ ನಮ್ಮೆಜಮಾನರು ಗೊತ್ತು ಮಾಡಿಕೊಟ್ಟ ಲಾರಿಯಲ್ಲಿ ಎಲ್ಲರೂ ಹೊರಟೆವು. ಕಡೂರು ದಾಟಿದ ಮೇಲೆ ಒಂದು ಕೆರೆ ಏರಿಯ ಮೇಲೆ ಲಾರಿಯ ಬಾನೆಟ್ಟಿನಿಂದ ಹೊಗೆ ಎದ್ದಿತು. ಡ್ರೈವರ್ ನೀರು ತರಲು ಕೊಡ ಹಿಡಿದು ಕೆರೆಗೆ ಇಳಿದ. ಕಾಲು ಜೋಮು ಹಿಡಿದಿದ್ದವರೆಲ್ಲ ಇಳಿದರು.

ರಸ್ತೆಯ ಅಂಚಿನಲ್ಲಿ ಅದು ಬಿದ್ದಿತ್ತು. ಬೆಳಗಿನ ಯಾವುದೋ ಬಸ್ಸಿನ ಚಕ್ರ ಹತ್ತಿರಬೇಕು, ಚಿಪ್ಪು ಒಡೆದುಹೋಗಿತ್ತು. ಮದುವೆಗೆ ಹೊರಟ ಜನ ದಾಟಿಕೊಂಡು ಓಡಾಡುತ್ತಿದ್ದರು, ಯಾರಿಗೂ ಅದು ದೊಡ್ಡ ವಿಷಯವಲ್ಲ. ಹುಲಿಗೆಮ್ಮ ಇಳಿದಳು, ನೋಡಿದಳು. ನಾನು ಅವಳನ್ನೇ ನೋಡುತ್ತಿದ್ದೆ. ತಟ್ಟನೆ ಸೆರಗು ಎಳೆದುಕೊಂಡು ಆ ಕಡೆ ತಿರುಗಿ, "ಹತ್ರೀ ಹತ್ರೀ ಎಲ್ಲ, ಹೊತ್ತಾಯ್ತು!" ಅಂತ ಕೂಗತೊಡಗಿದಳು. ಇಷ್ಟು ವರ್ಷ ಊರೆಲ್ಲ ಆಡಿಕೊಂಡರೂ ಬಿಡದವಳು ಅವತ್ತು ನೋಡಿಯೂ ನೋಡದವಳಾದಳು. ನನಗೆ ಅದು ತಪ್ಪು ಅಂತ ಅನ್ನಿಸಲಿಲ್ಲ, ಈಗಲೂ ಅನ್ನಿಸುವುದಿಲ್ಲ. ಮಗಳನ್ನು ಹೆತ್ತ ಯಾವಳಿಗಾದರೂ ಕೇಳಿ.

ಅಷ್ಟರಲ್ಲಿ ಓಬಳಪ್ಪ ಲಾರಿಯ ಹಿಂದಿನಿಂದ ಬಂದ. ನೋಡಿದವನು ಹಾಗೇ ನಿಂತ. ತಲೆಯ ಮೇಲಿನ ಹೊಸ ರುಮಾಲನ್ನು ಬಿಚ್ಚಿ ಹೆಗಲಿಗೆ ಹಾಕಿಕೊಂಡ.

"ಅಕ್ಕಾ, ಇಲ್ನೋಡು."

"ಏನೂ ಇಲ್ಲ, ಲಾರಿ ಹತ್ತೋ."

"ಅಕ್ಕಾ, ನಮ್ಮೋರು ಹೋಗವ್ರೆ."

ಹುಲಿಗೆಮ್ಮ ಓಡಿಬಂದು ಅವನ ತೋಳು ಹಿಡಿದಳು. "ಲೇ ಓಬಳಪ್ಪಾ, ನಿನ್ ಕಾಲಿಗ್ ಬೀಳ್ತೀನಿ, ಸುಮ್ಕಿರೋ. ನಾನೂ ನೋಡಿಲ್ಲ, ನೀನೂ ನೋಡಿಲ್ಲ. ಧಾರೆ ಒಂದ್ ಮುಗೀಲಿ, ಆಮೇಲೆ ಬೇಕಾರೆ ಭದ್ರಾ ಹೊಳೇಗೇ ಬೀಳಣ."

"ನೋಡಿಲ್ಲ ಅಂತ ಹೆಂಗಕ್ಕಾ ಅನ್ಲಿ? ಕಣ್ಮುಂದೆ ಐತಲ್ಲ," ಅಂದ ಅವನು. ದನಿಯಲ್ಲಿ ಹಟವಿರಲಿಲ್ಲ. ನಿಜವಾಗಿಯೂ ಹೇಗೆ ಅಂತ ಗೊತ್ತಿಲ್ಲದೆ ಕೇಳುವವನ ಹಾಗೆ ಕೇಳಿದ.

ನನಗೆ ಅವನ ಕೆನ್ನೆಗೆ ಎರಡು ಬಿಗಿಯುವಷ್ಟು ಸಿಟ್ಟು ಬಂತು. ಬಿಗಿಯಲಿಲ್ಲ, ಬಾಯಿಯಲ್ಲಿ ಬೈದೆ. "ನಿಂಗೆ ಬುದ್ಧಿ ಇದ್ಯೇನಯ್ಯಾ? ಹುಡುಗಿ ಬಾಳು ಹಾಳು ಮಾಡಕ್ಕೆ ಬಂದ್ಯಾ?" ಅಂತ ಕಿರುಚಿದೆ. ಅವನು ಕೆರೆಯ ಅಂಚಿನಲ್ಲಿ ಕೋಲಿನಿಂದ ಗುಂಡಿ ತೋಡಿದ, ಆಮೆಯನ್ನು ಎರಡೂ ಕೈಯಲ್ಲಿ ಎತ್ತಿ ತಂದು ಮಣ್ಣು ಮಾಡಿದ. ಹೊಸ ಅಂಗಿಯ ಸಮೇತ ನೀರ ಕಡೆ ನಡೆದ.

ಹುಲಿಗೆಮ್ಮ ಲಾರಿಯ ಚಕ್ರಕ್ಕೆ ಒರಗಿ ಕಲ್ಲಿನ ಹಾಗೆ ನಿಂತಿದ್ದಳು. ಆಗ ಲಾರಿಯ ಮೇಲಿನಿಂದ, ಅರಿಶಿನ ಮೆತ್ತಿದ ಮುಖವನ್ನು ಹೊರಗೆ ಹಾಕಿ ಕಾಂತಮ್ಮ ಅಂದಳು, "ಅವ್ವಾ, ನೀನೂ ಹೋಗು."

"ನಿನ್ ಮದುವೆ ಕಣೇ..."

"ಇಷ್ಟ್ ವರ್ಷ ಕಂಡೋರ ಬಾಯಿಗೆಲ್ಲ ಬಿದ್ದು ಮಾಡಿದೀಯ. ಇವತ್ತು ನನ್ ಹೆಸರಲ್ಲಿ ಬಿಡ್ಬೇಡ. ಹೋಗವ್ವಾ."

ಹುಲಿಗೆಮ್ಮ ಇಳಿಜಾರಿನಲ್ಲಿ ಜಾರುತ್ತಾ ಕೆರೆಗೆ ಇಳಿದಳು. ಮಗಳ ಮದುವೆಗೆ ಅಂತ ಉಟ್ಟಿದ್ದ ಸೀರೆಯಲ್ಲೇ ಅವನ ಪಕ್ಕದಲ್ಲಿ ಮುಳುಗಿದಳು. ಸಣ್ಣಬೀರಪ್ಪ ಕೈಕಟ್ಟಿಕೊಂಡು ಏರಿಯ ಮೇಲೆ ನಿಂತು ನೋಡುತ್ತಿದ್ದ, ಅವನ ಕಣ್ಣು ತುಂಬಿತ್ತು.

ನಾವು ಹುಡುಗನ ಊರು ಮುಟ್ಟಿದಾಗ ಓಲಗ ಊದುತ್ತಿತ್ತು. ಎದುರುಗೊಳ್ಳಲು ಬಂದ ದೊಡ್ಡಬೀರಪ್ಪ, ನೀರು ತೊಟ್ಟಿಕ್ಕುವ ಇಬ್ಬರನ್ನು ನೋಡಿ, "ಏನಮ್ಮಾ ಇದು? ಮಳೆ ಎಲ್ ಬಂತು?" ಅಂದ. ಹುಲಿಗೆಮ್ಮನ ಬದಲು ನಾನೇ ಹೇಳಿದೆ. ಇಬ್ಬರಿಗೂ ಸೂತಕ, ನಾಳೆ ಬೆಳಗಿನ ತನಕ ಹುಡುಗಿಯನ್ನು ಮುಟ್ಟುವಂತಿಲ್ಲ, ಎತ್ತುವಂತಿಲ್ಲ. ಹೇಳಿ ಮುಗಿಸುವುದರೊಳಗೆ ಗಂಡಿನ ಕಡೆಯವರ ಗದ್ದಲ ಎದ್ದಿತು. ಅಡಿಗೆ ಆಗಿಹೋಗಿದೆ, ನೆಂಟರು ಕೂತಿದ್ದಾರೆ, ಇದೇನು ಹುಡುಗಾಟವೇ ಅಂತ ಒಬ್ಬ. ಬೇರೆ ಯಾರಾದರೂ ಎತ್ತಿಕೊಂಡು ಬರಲಿ ಅಂತ ಇನ್ನೊಬ್ಬ. ಮೊದಲೇ ಹೇಳಿರಲಿಲ್ಲವೇ, ಈ ಸಂಬಂಧ ಬೇಡ ಅಂತ ಅನ್ನುವ ಒಂದು ಹೆಣ್ಣು ದನಿಯೂ ಒಳಗಿನಿಂದ ಬಂತು. ಕಾಂತಮ್ಮ ಲಾರಿಯಿಂದ ಇಳಿಯದೆ ತಲೆ ಬಗ್ಗಿಸಿ ಕೂತಿದ್ದಳು.

ದೊಡ್ಡಬೀರಪ್ಪ ಓಬಳಪ್ಪನ ಹತ್ತಿರ ಬಂದ. "ಯಾರಯ್ಯಾ ಮೊದಲು ನೋಡಿದ್ದು?"

"ನಾನೇ ಸ್ವಾಮಿ," ಅಂದ ಓಬಳಪ್ಪ. ಅಕ್ಕ ಮೊದಲು ನೋಡಿದ್ದು ಅವನಿಗೂ ಗೊತ್ತಿತ್ತು.

"ದಾರೀಲಿ ಬಿದ್ದಿದ್ ಆಮೆ. ಕಂಡೂ ಕಾಣ್ದಂಗೆ ಬಂದಿದ್ರೆ ನಂಗ್ ಗೊತ್ತಾಗ್ತಿತ್ತಾ? ಊಟ ಮಾಡ್ಕಂಡು, ಮರ್ಯಾದೆ ಮಾಡಿಸ್ಕಂಡು ಹೋಗ್ಬೋದಾಗಿತ್ತು."

"ಹೌದು ಸ್ವಾಮಿ. ಆದ್ರೆ ಹುಡುಗೀನ ಎತ್ಕಳ್ಳೋ ಕೈ ಅಲ್ವಾ?" ಅಂತ ಓಬಳಪ್ಪ ತನ್ನ ಎರಡೂ ಕೈ ಮುಂದೆ ಚಾಚಿದ. ಬೆರಳ ಸಂದಿನಲ್ಲಿ ಕೆರೆಯ ಮಣ್ಣು ಇನ್ನೂ ಇತ್ತು.

ಯಜಮಾನ ಆ ಕೈಗಳನ್ನು ನೋಡಿದ. ತಿರುಗಿ ಹುಲಿಗೆಮ್ಮನನ್ನು ನೋಡಿದ. ಆಮೇಲೆ ತನ್ನ ಜನದ ಕಡೆ ತಿರುಗಿ ಜೋರಾಗಿ ಅಂದ, "ಬಾಡಿಗೆ ತಮ್ಮ ಅಂದಿದ್ದೆ ಕಣ್ರಯ್ಯಾ ನಾನು. ಬಾಡಿಗೆಗೆ ಬಂದೋನು ಊಟದ ಹೊತ್ತಿಗೆ ಮದುವೆ ನಿಲ್ಲಿಸ್ತಾನೇನ್ರೋ? ಇವ್ನು ಒಡಹುಟ್ಟಿದೋನೇ ಸೈ. ಇಂಥಾ ಹೊತ್ನಲ್ಲಿ ಇಂಥಾ ಕಾಟ ಒಡಹುಟ್ಟಿದೋರು ಬಿಟ್ರೆ ಇನ್ಯಾರೂ ಕೊಡಲ್ಲ. ಧಾರೆ ನಾಳೆ. ಊಟ ಇವತ್ತೂ ಆಗ್ಲಿ, ನಾಳೆನೂ ಆಗ್ಲಿ. ಹುಡುಗೀನ ಒಳಗ್ ಕರ್ಕೊಳ್ಳಿ."

ಮರುದಿನ ಧಾರೆ ಸುಸೂತ್ರವಾಗಿ ನಡೆಯಿತು. ಓಬಳಪ್ಪನ ಕಡ್ಡಿಯಂಥ ಮೈಗೆ ಕಾಂತಮ್ಮ ಸ್ವಲ್ಪ ಭಾರವೇ, ಎತ್ತಿಕೊಂಡವನು ಎಲ್ಲಿ ಮುಗ್ಗರಿಸುತ್ತಾನೋ ಅಂತ ನಾನು ಉಸಿರು ಹಿಡಿದಿದ್ದೆ. ಆದರೆ ಆ ಮದುವೆ ಅಂದರೆ ನನಗೆ ನೆನಪಾಗುವುದು ಧಾರೆಯಲ್ಲ, ಅದರ ಹಿಂದಿನ ದಿನದ ಮಧ್ಯಾಹ್ನ.

ಎಲ್ಲರೂ ಪಂಕ್ತಿಯಲ್ಲಿ ಕೂತು ಉಣ್ಣುತ್ತಿದ್ದರು. ಅವರಿಬ್ಬರಿಗೆ ಆ ಒಲೆಯ ಅನ್ನ ಸಲ್ಲದು. ಚಪ್ಪರದಿಂದ ದೂರ, ಒಂದು ಹೊಂಗೆ ಮರದ ಕೆಳಗೆ ಒದ್ದೆ ಬಟ್ಟೆ ಮೈಮೇಲೇ ಆರಲಿ ಅಂತ ಕೂತಿದ್ದರು. ನಾನು ಕುಡಿಯಲು ನೀರು ತೆಗೆದುಕೊಂಡು ಹೋದರೆ, ಹುಲಿಗೆಮ್ಮ ಅವನಿಗೆ ಮಂಗಳಾರತಿ ಮಾಡುತ್ತಿದ್ದಳು.

"ಎಲ್ ಸತ್ತಿದ್ಯೋ ಇಷ್ಟ್ ವರ್ಷ? ಅಜ್ಜಂಪುರ ಏನ್ ಕಾಶಿನಾ? ನೀನು ಕಡೂರಿಗ್ ಬತ್ತಿದ್ದೆ, ಕಂಬಳಿ ಮಾರ್ಕಂಡ್ ಹೋಗ್ತಿದ್ದೆ, ದೇವನೂರು ನಿನ್ ಕಣ್ಣಿಗ್ ಕಾಣ್ಲಿಲ್ವಾ? ಗೌರಿ ಹಬ್ಬಕ್ಕೆ ಊರೋರ್ ಮನೆಗೆಲ್ಲ ತವರಿಂದ ಬಾಗಿನ ಬರೋದು. ನಾನು ಬಾಗ್ಲು ಹಾಕ್ಕಂಡು ಒಳಗ್ ಕೂತಿರ್ತಿದ್ದೆ. ಹೆರಿಗೆ ಆದಾಗ ಒಬ್ರು ಬರ್ಲಿಲ್ಲ. ಕಾಂತಿ ಕಿವಿ ಚುಚ್ಚೋವಾಗ ತೊಡೆ ಮೇಲೆ ಕೂರಿಸ್ಕಳಕ್ಕೆ ಒಬ್ರು ಬರ್ಲಿಲ್ಲ. ಈಗ್ ಬಂದವ್ನೆ, ಬಂದ ದಿನಾನೇ ಮದುವೆ ನಿಲ್ಲಿಸಕ್ಕೆ!"

ಓಬಳಪ್ಪ ತಲೆ ಬಗ್ಗಿಸಿಕೊಂಡು ಎಲ್ಲವನ್ನೂ ಕೇಳಿದ. ಅವನು ಮಾಡದ ತಪ್ಪು ಒಂದೊಂದನ್ನೂ ಒಪ್ಪಿಕೊಳ್ಳುವವನ ಹಾಗೆ ಕೂತಿದ್ದ. "ತಪ್ಪಾಯ್ತು, ಬರೋ ಗೌರಿಗೆ ಬತ್ತೀನಿ," ಅಂದ.

ಅವಳು ನಾನು ಕೊಟ್ಟ ಚೊಂಬಿನಿಂದ ಒಂದು ಗುಟುಕು ಕುಡಿದಳು. ಆಮೇಲೆ ಕೇಳಿದಳು, "ಆಮೆಗೆ ಅದೇನೋ ಅಂತೀರಲ್ಲ ನೀವು. ನಿಮ್ ಮಾತಲ್ಲಿ ಅಕ್ಕಂಗೆ ಏನಂತಾರೋ?"

"ಅಕ್ಕ ಅಂತ್ಲೇ ಕಣಕ್ಕಾ," ಅಂದ ಅವನು. "ಅದಕ್ಕೆ ನಮ್ಮಲ್ಲೂ ಬೇರೆ ಮಾತಿಲ್ಲ."

ಹುಲಿಗೆಮ್ಮ ಅತ್ತದ್ದನ್ನು ನಾನು ನೋಡಿದ್ದು ಅದೇ ಮೊದಲು. ಸಂಬಂಧ ಮುರಿದಾಗ ಅಳಲಿಲ್ಲ, ಊರೆಲ್ಲ ಆಡಿಕೊಂಡಾಗ ಅಳಲಿಲ್ಲ. ಈಗ ಚೊಂಬು ಕೆಳಗಿಟ್ಟು, ಪಂಕ್ತಿಯಲ್ಲಿ ಕೂತವರೆಲ್ಲ ತುತ್ತು ನಿಲ್ಲಿಸಿ ತಿರುಗಿ ನೋಡುವ ಹಾಗೆ ಅಯ್ಯಯ್ಯೋ ಅಂತ ಬಾಯಿ ಬಿಟ್ಟು ಅತ್ತಳು. ಏನಾಯಿತು ಅಂತ ದೊಡ್ಡಬೀರಪ್ಪ ಎಂಜಲು ಕೈಯಲ್ಲೇ ಓಡಿಬಂದ. ಏನಿಲ್ಲ, ಹೋಗಿ ಊಟ ಮಾಡಿ ಯಜಮಾನ್ರೇ, ಅಕ್ಕತಮ್ಮ ಮಾತಾಡುತ್ತಿದ್ದಾರೆ ಅಂತ ನಾನು ಅವನನ್ನು ಕಳಿಸಿದೆ.